ಕಣ್ಣು ಬರೆಯದ ರಾಜ

ಮೊಣಕಾಲು ಗದ್ದಕ್ಕೆ ತಾಗಲು ಒಂದೂವರೆ ಇಂಚು ಕಡಿಮೆ ಬಿದ್ದಿತ್ತು. ಮರದ ಅಳತೆಪಟ್ಟಿಯಿಂದ ಮೂರು ಸಲ ಅಳೆದೆ. ಮಣ್ಣು ಇನ್ನೂ ಹಸಿಯಾಗಿದ್ದುದರಿಂದ ಪಟ್ಟಿಯ ಅಂಚು ತಾಗಿದಲ್ಲೆಲ್ಲ ಸಣ್ಣ ಗೆರೆ ಮೂಡುತ್ತಿತ್ತು. ಮೂರ್ತಿಕಾರರು ಒದ್ದೆ ಬೆರಳಿನಿಂದ ಆ ಗೆರೆಯನ್ನು ಪ್ರತಿಸಲವೂ ಅಳಿಸುತ್ತಿದ್ದರು.

"ಇನ್ನಷ್ಟು ಮ್ಯಾಲ ಬರಬೇಕ್ರಿ ಕಾಕಾ," ಎಂದೆ. "ಮೊಣಕಾಲ ಎದಿಗೆ ಹತ್ತಿ, ಗದ್ದಾ ಅದರ ಮ್ಯಾಲ ಕೂಡಬೇಕು. ಚಿತ್ರದಾಗ ಹಂಗ ಅದ."

"ಅಕ್ಕಾರ, ದೇವರು ಮೊಣಕಾಲಿಗೆ ಗದ್ದಾ ಹಚ್ಚಿ ಕುಂತದ್ದ ಎಲ್ಲೆರೆ ನೋಡೀರೇನು? ಚಳಿ ಹತ್ತಿದವ್ರು ಕುಂಡ್ರತಾರ ಹಂಗ. ಇಲ್ಲಾ, ಹೆಂಡ್ತಿ ಕೂಡ ಜಗಳಾ ತಗದವ್ರು."

ಒಳಗೆ ಅಡಿಗೆ ಮಾಡುತ್ತಿದ್ದ ಅವರ ಹೆಂಡತಿ, "ಕನ್ನಡಿ ಮುಂದಿಟ್ಟುಕೊಂಡು ಮಾಡ್ರಿ ಮತ್ತ, ತಪ್ಪೂದಿಲ್ಲ," ಎಂದರು.

ಮೂರ್ತಿಕಾರರು ನಕ್ಕರು. ನಾನು ನಗಲಿಲ್ಲ. ದೇವರು ಎಂಬ ಮಾತನ್ನು ಅವರಿಗೆ ಕೊಟ್ಟವಳು ನಾನೇ. ಅದು ನಿಜವಲ್ಲ ಎಂದು ನನಗೆ ಗೊತ್ತಿತ್ತು. ಪೂರ್ತಿ ಸುಳ್ಳೆಂದೂ ಹೇಳುವಂತಿರಲಿಲ್ಲ.

ಅರವತ್ತರ ದಶಕದ ಮೊದಲ ವರ್ಷಗಳು. ಹುಬ್ಬಳ್ಳಿ ಧಾರವಾಡಗಳನ್ನು ಒಂದೇ ನಗರವೆಂದು ಕರೆಯುವುದು ಇನ್ನೂ ಬಾಯಿಗೆ ಹತ್ತಿರಲಿಲ್ಲ. ನಾನು ಧಾರವಾಡದ ಒಂದು ಇತಿಹಾಸ ವಿಭಾಗದಲ್ಲಿ ತಾತ್ಕಾಲಿಕ ಸಹಾಯಕಿಯಾಗಿದ್ದೆ. ಆ ಶ್ರಾವಣದಲ್ಲಿ ವಿಭಾಗದವರು ಜಗತ್ತಿನ ಹಳೆಯ ಧರ್ಮಗಳ ಬಗ್ಗೆ ಒಂದು ಪ್ರದರ್ಶನ ಇಟ್ಟುಕೊಂಡಿದ್ದರು. ಐದು ಮೇಜು, ಐದು ದೇಶ. ಈಜಿಪ್ಟ್, ಗ್ರೀಸ್ ಮುಂತಾದವನ್ನು ಹಿರಿಯರು ಹಂಚಿಕೊಂಡ ಮೇಲೆ ಉಳಿದದ್ದು ಪೆರು. ದಕ್ಷಿಣ ಅಮೆರಿಕದ ಬೆಟ್ಟಸೀಮೆಯಲ್ಲಿ ಸ್ಪೇನಿನವರು ಬರುವ ಮೊದಲು ಆಳುತ್ತಿದ್ದ ಇಂಕಾ ಜನರ ದೇವರುಗಳು. ಅದು ನನ್ನ ಮೇಜು. ಆ ತಿಂಗಳ ಕೊನೆಗೆ ನನ್ನ ಕೆಲಸದ ಅವಧಿ ಮುಗಿಯುವುದಿತ್ತು. ಮುಂದುವರಿಸಿರೆಂದು ಬರೆಯಬೇಕಾದವರು ವಿಭಾಗದ ಮುಖ್ಯಸ್ಥರು.

ಗ್ರಂಥಾಲಯದಲ್ಲಿ ಸಿಕ್ಕದ್ದು ಮೂರೇ ಇಂಗ್ಲಿಷ್ ಪುಸ್ತಕ. ಮೂರೂ ಒಂದನ್ನೊಂದು ಒಪ್ಪುತ್ತಿರಲಿಲ್ಲ.

ಕೆಲಸ ಮಾಡುವ ರೀತಿ ನನಗೆ ಗೊತ್ತಿತ್ತು: ಒಂದು ವಿಷಯಕ್ಕೆ ಒಂದು ಚೀಟಿ, ಮೇಲೆ ಶೀರ್ಷಿಕೆ, ಕೆಳಗೆ ಪುಸ್ತಕ ಮತ್ತು ಪುಟ. ಮೊದಲ ಚೀಟಿ ವೀರಕೋಚನದು. ಕತ್ತಲಲ್ಲಿದ್ದ ಲೋಕಕ್ಕೆ ದೊಡ್ಡ ಸರೋವರದಿಂದ ಎದ್ದು ಬಂದು ಸೂರ್ಯ, ಚಂದ್ರ, ನಕ್ಷತ್ರಗಳನ್ನು ಮಾಡಿದವನು. ಮನುಷ್ಯರ ಆಕಾರ ಮಾಡಿ, ಪ್ರತಿ ಕುಲಕ್ಕೂ ಅದರದೇ ಉಡುಪಿನ ಬಣ್ಣ ಬರೆದು, ಎಲ್ಲರನ್ನೂ ನೆಲದೊಳಗೆ ಕಳಿಸಿ, ತಮ್ಮ ತಮ್ಮ ಗುಹೆ, ಬುಗ್ಗೆ, ಬೆಟ್ಟಗಳಿಂದ ಹೊರಬನ್ನಿ ಎಂದವನು. ಆಮೇಲೆ ಸಮುದ್ರದ ಮೇಲೆ ನಡೆದುಹೋದ. ಎರಡನೆಯ ಚೀಟಿ ಸೂರ್ಯ, ರಾಜವಂಶದ ಮೂಲಪುರುಷ. ಚಂದ್ರ ಅವನ ಹೆಂಡತಿ. ಮೂರನೆಯದು ಗುಡುಗು: ಆಕಾಶದ ನದಿಯಿಂದ ತಂಗಿ ತುಂಬಿಟ್ಟುಕೊಂಡ ಕೊಡಕ್ಕೆ ಅವನು ಕವಣೆ ಬೀಸುತ್ತಾನೆ, ಕೊಡ ಒಡೆದು ಮಳೆಯಾಗುತ್ತದೆ. ಇಲ್ಲಿಯವರೆಗೆ ಸುಲಭ.

ಆದರೆ ಇವರಲ್ಲಿ ದೊಡ್ಡವರು ಯಾರು? ಒಂದು ಪುಸ್ತಕ ಸೂರ್ಯನೆಂದಿತು, ಇನ್ನೊಂದು ವೀರಕೋಚನೆಂದಿತು. ಮೊದಲ ರಾಜ ಮೂವರು ಅಣ್ಣತಮ್ಮಂದಿರು, ನಾಲ್ವರು ಅಕ್ಕತಂಗಿಯರೊಂದಿಗೆ ಗವಿಯಿಂದ ಹೊರಬಂದನೋ, ಸೂರ್ಯ ಕೊಟ್ಟ ಬಂಗಾರದ ಕೋಲು ಹಿಡಿದು ಸರೋವರದಿಂದ ನಡೆದು ಬಂದನೋ? ಎರಡಕ್ಕೂ ಆಧಾರವಿತ್ತು. ಅವರ ಭಾಷೆಯ ವಾಕಾ ಎಂಬ ಶಬ್ದಕ್ಕೆ ಒಂದೇ ಪುಟದಲ್ಲಿ ದೇವಸ್ಥಾನ, ವಿಗ್ರಹ, ಗೋರಿ, ಬಂಡೆ, ಬುಗ್ಗೆ, ಅವಳಿ ಮಕ್ಕಳು ಎಂಬ ಅರ್ಥಗಳಿದ್ದವು. ಇಂಕಾ ಜನ ಲೆಕ್ಕಕ್ಕೂ ನೆನಪಿಗೂ ದಾರಗಳಿಗೆ ಗಂಟು ಹಾಕಿ ಇಡುತ್ತಿದ್ದರಂತೆ, ಅದನ್ನು ಓದುವವರು ಈಗ ಯಾರೂ ಇಲ್ಲ. ಬರೆದಿಟ್ಟವರೆಲ್ಲ ಅವರನ್ನು ಸೋಲಿಸಿದ ಜನ, ಅಥವಾ ಆ ಜನರ ಅಕ್ಷರ ಕಲಿತವರು.

ಮುಖ್ಯಸ್ಥರು ನನ್ನ ಚೀಟಿಗಳನ್ನು ಓದಿ ಕನ್ನಡಕ ತೆಗೆದರು. "ಚೀಟಿ ಓದಿದರ ಮನಷ್ಯಾಗ ಏನರೆ ತಿಳೀಬೇಕ್ರಿ. ನಿಮ್ಮದು ಓದಿದರ ಮೊದಲ ತಿಳದದ್ದೂ ಮರೀತದ. ಇರಲಿ. ನೋಡಲಿಕ್ಕೆ ಒಂದು ವಸ್ತು ಬೇಕು. ಈಜಿಪ್ಟಿನ ಮೇಜಿಗೆ ಪಿರಮಿಡ್ಡು ಅದ. ನಿಮ್ಮದಕ್ಕ ಏನು?"

ಪುಸ್ತಕವೊಂದರಲ್ಲಿ ಒಂದು ಗೆರೆಚಿತ್ರವಿತ್ತು. ಸತ್ತ ರಾಜನೊಬ್ಬನನ್ನು ಪಲ್ಲಕ್ಕಿಯಲ್ಲಿ ಕೂರಿಸಿ ಹೊತ್ತೊಯ್ಯುತ್ತಿದ್ದಾರೆ. ಇಂಕಾ ಜನರು ರಾಜರ ಶವವನ್ನು ಒಣಗಿಸಿ, ಮೊಣಕಾಲು ಮಡಿಸಿ, ಕುಳಿತ ಭಂಗಿಯಲ್ಲಿ ಕಾಪಾಡುತ್ತಿದ್ದರು. ಹಬ್ಬಗಳಲ್ಲಿ ಊರ ನಡುವಿನ ಚೌಕಕ್ಕೆ ತಂದು ಹಿರಿತನದ ಕ್ರಮದಲ್ಲಿ ಸಾಲಾಗಿ ಕೂರಿಸುತ್ತಿದ್ದರು. ನಾನು ಆ ಚಿತ್ರ ತೋರಿಸಿದೆ. "ಛಲೋ ಆತು. ಇದನ್ನ ಮಣ್ಣಿನಾಗ ಮಾಡಸ್ರಿ," ಎಂದರು.

ಹಳೇ ಹುಬ್ಬಳ್ಳಿಯ ಓಣಿಯೊಂದರಲ್ಲಿ ಗಣಪತಿ ಮಾಡುವ ಈ ಮನೆಯನ್ನು ತೋರಿಸಿಕೊಟ್ಟವರೂ ಅವರೇ. ಹೆಬ್ಬಳ್ಳಿ ಕಡೆಯಿಂದ ಚಕ್ಕಡಿಯಲ್ಲಿ ತಂದ ಕೆರೆಮಣ್ಣಿಗೆ ಅರಳೆ ಸೇರಿಸಿ, ಮರದ ಕೊಡತಿಯಿಂದ ಬಡಿದು ಬಡಿದು ಹದ ಮಾಡುತ್ತಿದ್ದರು. ಪಡಸಾಲೆ ತುಂಬ ಇನ್ನೂ ಬಣ್ಣ ಕಾಣದ ಗಣಪತಿಗಳು. ಒಂದು ಗೋಡೆಗೆ ಮರದ ಮಣೆಗಳನ್ನು ಆನಿಸಿ ಇಟ್ಟಿದ್ದರು. ಗಣಪತಿ ಒಯ್ಯುವ ಮನೆಯವರು ಶ್ರಾವಣ ಹತ್ತಿದೊಡನೆ ತಮ್ಮ ಮನೆಯ ಮಣೆ ತಂದು ಕೊಟ್ಟು ಹೋಗುತ್ತಾರೆ. ಚೌತಿಯ ದಿನ ಅದರ ಮೇಲೆ ಕುಳಿತೇ ಮೂರ್ತಿ ಅವರ ಮನೆಗೆ ಹೋಗುತ್ತದೆ. ಪ್ರತಿ ಮಣೆಯ ಹಿಂದೆ ಸುಣ್ಣದ ಕಡ್ಡಿಯಿಂದ ಮನೆತನದ ಹೆಸರು ಬರೆದಿತ್ತು.

ಮೂರ್ತಿಕಾರರು ಚಿತ್ರವನ್ನು ಬೆಳಕಿಗೆ ಹಿಡಿದು ನೋಡಿದರು. ನಂತರ ನನ್ನನ್ನು ನೋಡಿದರು.

"ಇದು ಹೆಣಾನೋ, ದೇವರೋ? ಮೊದಲ ಅದನ್ನ ಹೇಳ್ರಿ."

"ಯಾಕ್ರಿ?"

"ದೇವರಾದ್ರ ಈ ಪಡಸಾಲ್ಯಾಗ ಮಾಡೇನಿ. ಹೆಣ ಆದ್ರ ಇಲ್ಲೆ ಮಾಡಾಕ ಬರೂದಿಲ್ಲ. ಗಣಪ್ಪ ಕುಂತಾನ."

"ದೇವರು," ಎಂದೆ. "ಸೂರ್ಯದೇವರ ಮಗ."

ಪುಸ್ತಕದ ಒಂದು ಪುಟದಲ್ಲಿ ಹಾಗೆ ಬರೆದಿತ್ತು. ಮುಂದಿನ ಪುಟದಲ್ಲಿ ಬೇರೆ ಇತ್ತು. ನನ್ನ ಚೀಟಿಯ ಮೇಲೆ ನಾನೇ "ಮೃತರಾಜ" ಎಂದು ಬರೆದಿದ್ದೆ. ಇಷ್ಟನ್ನೆಲ್ಲ ಅಪರಿಚಿತರ ಪಡಸಾಲೆಯಲ್ಲಿ ನಿಂತು ವಿವರಿಸುವುದು ನನಗೆ ಆಗಲಿಲ್ಲ. ಒಂದು ಶಬ್ದದಲ್ಲಿ ಮುಗಿಯುವುದಿದ್ದರೆ ಮುಗಿಸಿಬಿಡುವ ಅಭ್ಯಾಸ ನನ್ನದು.

ಅವರು ಒಪ್ಪಿಕೊಂಡರು. ಕಣ್ಣನ್ನು ಕೊನೆಗೆ ಬರೆಯುವುದಾಗಿ ಹೇಳಿದರು. ಕಣ್ಣು ಬರೆಯುವವರೆಗೆ ಅದು ಮಣ್ಣು, ತಪ್ಪಾದರೆ ಕಲಸಿ ಮತ್ತೆ ಮಾಡಬಹುದು. ಬರೆದ ಮೇಲೆ ಕೆಡಿಸುವಂತಿಲ್ಲ, ನೀರಿಗೇ ಬಿಡಬೇಕು. "ಎಂದ ನೀರಿಗೆ ಬಿಡ್ತೀರಿ?" ಎಂದು ಕೇಳಿದರು. ಪ್ರದರ್ಶನದ ನಂತರ ಅದನ್ನು ಗಾಜಿನ ಕಪಾಟಿನಲ್ಲಿ ಶಾಶ್ವತವಾಗಿ ಇಡುವುದಿತ್ತು. "ನೋಡೋಣ್ರಿ," ಎಂದೆ. ಹೀಗೆ ಮರೆಮಾಚಿದ್ದು ಎರಡಾಯಿತು.

ಮೊಣಕಾಲಿನ ತೊಡಕು ಬಂದದ್ದು ಇದರಿಂದಲೇ. ದೇವರೆಂದ ಮೇಲೆ ಅವರು ದೇವರ ಲೆಕ್ಕದಲ್ಲಿ ಮಾಡಿದ್ದರು. ಯೋಗನರಸಿಂಹ ಯೋಗಪಟ್ಟಿ ಕಟ್ಟಿಕೊಂಡು ಮೊಣಕಾಲೆತ್ತಿ ಕೂರುತ್ತಾನಲ್ಲ, ಅದೇ ಅವರಿಗೆ ಗೊತ್ತಿದ್ದ ಹತ್ತಿರದ ಭಂಗಿ. ತುಂಬಿದ ಭುಜ, ನೆಟ್ಟಗಿನ ಬೆನ್ನು, ತುಟಿಯ ಕೊನೆಯಲ್ಲಿ ಸಣ್ಣ ನಗು. ನಾನು ಅಳತೆಪಟ್ಟಿ ಹಿಡಿದು ಒತ್ತಾಯಿಸಿದೆ. ಅವರು ತೊಡೆಯ ಕೆಳಗೆ ಕೈ ಕೊಟ್ಟು ಎರಡೂ ಕಾಲನ್ನು ನಿಧಾನವಾಗಿ ಮೇಲೆ ದಬ್ಬಿ, ಎದೆಗೆ ಸೇರಿಸಿ, ಕೈಗಳನ್ನು ಮೊಣಕಾಲಿನ ಮುಂದೆ ಒಂದರ ಮೇಲೊಂದು ಕೂಡಿಸಿದರು. ಗದ್ದ ತಾಗಿತು. ಬೆನ್ನು ತಾನಾಗಿ ಬಾಗಿತು. ನಗು ಮಾತ್ರ ಹಾಗೇ ಉಳಿಯಿತು.

"ಈಗ ನೋಡ್ರಿ ನಿಮ್ಮ ದೇವರು. ಬಸ್ಸಿನ ದಾರಿ ಕಾಯಾಕತ್ತಾನ," ಎಂದರು.

ನಾಲ್ಕು ದಿನಕ್ಕೆ ಸೊಂಟದಲ್ಲಿ ಬಿರುಕು ಬಂತು. ಜಿಟಿಜಿಟಿ ಮಳೆಗೆ ಒಳಮೈ ಒಣಗದು, ಶೇಗಡಿಯ ಕೆಂಡದ ಕಾವಿಗೆ ಹೊರಮೈ ಬೇಗ ಒಣಗಿ ಎಳೆಯುವುದು. ಬಿರುಕನ್ನು ಅಗಲಿಸಿ, ತೆಳು ಮಣ್ಣಿನಲ್ಲಿ ಅದ್ದಿದ ಅರಳೆಯನ್ನು ಸೂಜಿಯ ತುದಿಯಿಂದ ತುಂಬಿ, ಮೇಲೆ ಅಂಟು ಸವರಿದರು. ಮತ್ತೆ ಮೂರು ದಿನ. ಆಮೇಲೆ ಬಿಳಿಬಣ್ಣದ ಎರಡು ಹೊದಿಕೆ, ಅದರ ಮೇಲೆ ಮೈಯ ಕಂದುಬಣ್ಣ. ಹಣೆಗೆ ಇಂಕಾ ಅರಸರ ಗುರುತಾದ ಕೆಂಪು ಜಾಲರಿ. ಅದನ್ನು ಅವರ ಹೆಂಡತಿ ಕೆಂಪು ನೂಲಿನಿಂದ ಕಟ್ಟಿಕೊಟ್ಟರು.

ಈ ನಡುವೆ ಪ್ರದರ್ಶನದ ಕರಪತ್ರಕ್ಕೆ ಐದೂ ಮೇಜಿನವರು ನಾಲ್ಕು ನಾಲ್ಕು ಸಾಲು ಬರೆದುಕೊಡಬೇಕಾಗಿತ್ತು. ಮಾಡಿದ ಕುಶಲಕರ್ಮಿಗಳ ಹೆಸರು ತಪ್ಪದೆ ಹಾಕಿರೆಂದು ಮುಖ್ಯಸ್ಥರ ಸೂಚನೆ. ಅದು ಒಳ್ಳೆಯ ಸೂಚನೆಯೇ. "ಪೆರುವಿನ ಮೃತರಾಜನ ಶವದ ಪ್ರತಿಕೃತಿ. ಮಾಡಿದವರು," ಎಂದು ಬರೆದು ಕಾಕಾನ ಪೂರ್ಣ ಹೆಸರು, ಓಣಿ, ಊರು ಸೇರಿಸಿದೆ. ಕರಡು ಬಂದಾಗ ಪೆರು ಎಂಬಲ್ಲಿದ್ದ ಅಚ್ಚಿನ ತಪ್ಪು ತಿದ್ದಿ, ಸರಿಯಿದೆ ಎಂದು ಸಹಿ ಹಾಕಿದೆ. ಚೀಟಿಗೆ ಒಂದು ಮಾತು, ಮೂರ್ತಿಕಾರರಿಗೆ ಒಂದು ಮಾತು. ಚೀಟಿಯ ಮಾತೂ ಅವರ ಹೆಸರೂ ಒಂದೇ ಕಾಗದದ ಮೇಲೆ ಬಂದು ಕೂತದ್ದು ನನಗೆ ಆಗ ಕಾಣಲಿಲ್ಲ.

ಪ್ರದರ್ಶನ ಸೋಮವಾರ ಬೆಳಿಗ್ಗೆ ಹತ್ತಕ್ಕೆ. ರವಿವಾರ ಮುಂಜಾನೆ ಕಣ್ಣು ಬರೆಯುವುದಾಗಿ ಮಾತಾಗಿತ್ತು. ನಾನು ಬುಟ್ಟಿ, ಹುಲ್ಲು ಮತ್ತು ಬಂಗಾರಬಣ್ಣದ ಬೇಗಡೆಯ ಹಾಳೆ ತೆಗೆದುಕೊಂಡು ಹೊರಟೆ. ಆ ರಾಜರ ಶವಕ್ಕೆ ತೆಳುವಾದ ಬಂಗಾರದ ಹಾಳೆಯಿಂದ ಕಣ್ಣು ಮಾಡಿದ್ದರು, ನಿಜವಾದ ಕಣ್ಣಿನಂತೆಯೇ ಕಾಣುತ್ತಿತ್ತು ಎಂದು ಒಂದು ಪುಸ್ತಕದಲ್ಲಿತ್ತು.

ರಾಯಾಪುರದಲ್ಲಿ ಒಬ್ಬ ಹೆಂಗಸು ಬಸ್ಸು ಹತ್ತಿ ನನ್ನ ಪಕ್ಕದಲ್ಲಿ ಕುಳಿತರು. ತೊಡೆಯ ಮೇಲೆ ಮಣೆ. ಹಿಂದಿನ ಸೀಟಿನವರು, "ಮಣಿ ಕೊಡಾಕ ಹೊಂಟ್ಯೇನ? ಇಷ್ಟ ತಡಾ?" ಎಂದು ಕೇಳಿದರು.

"ಹೊಸಬರ ಕಡೆ ಕೊಡಬೇಕಾಗೇತಿ. ನಮ್ಮೂರಾಗಿನ ಮೊದಲಿನಾವ ಸೂತಕದಾಗ ಮಣ್ಣಿಗೆ ಕೈ ಹಚ್ಚಿದ್ನಂತ."

"ಖರೇ ಏನ?"

"ಖರೇನೋ ಸುಳ್ಳೋ ಯಾರ ನೋಡ್ಯಾರ? ನಮ್ಮ ಓಣ್ಯಾಗ ಎಲ್ಲಾರೂ ಮಣಿ ವಾಪಸ್ ತಂದ್ರು, ನಾನೂ ತಂದೆ. ಗಣಪ್ಪನ ವಿಷಯದಾಗ ಯಾಕ್ ಬೇಕ?"

ಉಣಕಲ್ಲು ಕೆರೆ ದಾಟುವವರೆಗೆ ನಾನು ಆ ಮಣೆಯನ್ನೇ ನೋಡುತ್ತಿದ್ದೆ. ಕರಪತ್ರಗಳು ಅಚ್ಚಾಗಿ ವಿಭಾಗಕ್ಕೆ ಬಂದು ಬಿದ್ದಿದ್ದವು. ಹುಬ್ಬಳ್ಳಿಯಿಂದಲೂ ಜನ ಬರುವವರಿದ್ದರು. ಶವ, ಮಾಡಿದವರು, ಹೆಸರು, ಓಣಿ. ಚೌತಿಗೆ ಇನ್ನು ಹತ್ತು ದಿನ. ಸುಮ್ಮನಿದ್ದರೆ ಮೂರ್ತಿ ಸರಿಯಾಗಿ ಮುಗಿಯುತ್ತದೆ, ನನ್ನ ಮೇಜು ಪೂರ್ಣವಾಗುತ್ತದೆ. ಹೇಳಿದರೆ ಏನಾಗುತ್ತದೆಂದು ಗೊತ್ತಿರಲಿಲ್ಲ. ಬಸ್ಸಿಳಿದು ಓಣಿಯ ಬಾಯಿಗೆ ಬರುವವರೆಗೂ ಹೇಳುವುದಿಲ್ಲ ಎಂದೇ ಅಂದುಕೊಂಡಿದ್ದೆ.

ಅವರು ತಲೆಗೆ ನೀರು ಹಾಕಿಕೊಂಡು, ಮಡಿ ಪಂಚೆ ಉಟ್ಟು ಕುಳಿತಿದ್ದರು. ಬೆಳಗಿನಿಂದ ಏನೂ ತಿಂದಿರಲಿಲ್ಲ. ಮುಂದೆ ಮಸಿಯ ಬಟ್ಟಲು, ಅಳಿಲ ಕೂದಲಿನ ಸಣ್ಣ ಕುಂಚ. ಹೆಂಡತಿ ತಾಟಿನಲ್ಲಿ ದಾಸವಾಳ, ಕುಂಕುಮ ಇಟ್ಟುಕೊಂಡು ಪಕ್ಕದಲ್ಲಿ ನಿಂತಿದ್ದರು. ರಾಜ ಗಣಪತಿಗಳ ನಡುವೆ ಕುಳಿತಿದ್ದ. ಕಣ್ಣಿನ ಜಾಗ ಬಿಳಿ ಬಿಟ್ಟಿತ್ತು. ಅವರು ಕುಂಚವನ್ನು ಮಸಿಗೆ ಅದ್ದಿದರು.

"ಕಾಕಾ, ತಡೀರಿ. ಇದು ದೇವರಲ್ಲ. ಸತ್ತ ರಾಜ. ನಾ ನಿಮಗ ಸುಳ್ಳು ಹೇಳೇನಿ."

ಅವರು ಕುಂಚವನ್ನು ಬಟ್ಟಲಿನ ಅಂಚಿಗೆ ಒರೆಸಿ, ಒರೆಸಿ, ಪಕ್ಕಕ್ಕಿಟ್ಟರು. ಹೆಂಡತಿ ದಾಸವಾಳದ ತಾಟನ್ನು ಹಿಂದಕ್ಕೆ ಸರಿಸಿದರು. ನಾನು ಕರಪತ್ರ ತೆಗೆದು ಆ ಸಾಲನ್ನು ಓದಿದೆ. ಅವರ ಹೆಸರು ಬಂದಾಗ ನನ್ನ ದನಿ ಸಣ್ಣದಾಯಿತು.

"ನೀವು ಕಲತವ್ರು," ಎಂದರು ಕಾಕಾ. "ನಾ ಕೇಳಿದ್ದು ಒಂದ ಮಾತು. ಅದಕ್ಕ ಖರೇ ಹೇಳಿದ್ರ ನಿಮ್ಮ ಗಂಟ ಏನ ಹೋಗತಿತ್ತು?"

ನಾನು ಕರಪತ್ರವನ್ನು ಮಡಿಸಿದೆ. ಅವರು ಗೋಡೆಯ ಕಡೆ ಕೈ ತೋರಿಸಿದರು.

"ಆ ಮಣಿ ನೋಡ್ರಿ. ನಮ್ಮಪ್ಪನ ಕಾಲದಿಂದ ಬರೂ ಮನಿತನಾ ಅದಾವ ಅದರಾಗ. ಹೆಣಾ ಮಾಡಿದ ಕೈಲೆ ಗಣಪ್ಪನ್ನ ಮಾಡ್ಯಾನ ಅಂತ ಒಬ್ಬಾಕಿ ಅಂದ್ರ ಸಾಕು. ಸಂಜಿ ಅನ್ನೂದ್ರಾಗ ಗ್ವಾಡಿ ಖಾಲಿ."

"ಅದನ್ನ ತಪ್ಪಸ್ತೇನ್ರಿ. ಹೆಸರು ತಗಸ್ತೇನಿ."

"ಅದು ಆಮ್ಯಾಲ. ಮೊದಲ ಇಂವ ಯಾರು, ಪೂರಾ ಹೇಳ್ರಿ. ಸತ್ತ ಮ್ಯಾಲ ಸುಟ್ಟರೋ, ಹುಗದರೋ?"

"ಎರಡೂ ಇಲ್ಲರಿ. ಕೂಡಿಸಿದ್ರು."

"ಎಲ್ಲೆ?"

"ಅವನ ಅರಮನ್ಯಾಗ. ದಿನಾ ಮುಂದ ಬೆಂಕಿ ಹಾಕಿ ಅವನ ಪಾಲಿನ ಊಟ ಅದರಾಗ ಸುಡತಿದ್ರು. ಕುಡ್ಯೂದನ್ನ ಗಡಗಿಗೆ ಸುರೂತಿದ್ರು. ನೊಣಾ ಹೊಡೀಲಿಕ್ಕೆ ಹೆಣ್ಣಮಕ್ಕಳು ಇದ್ರು. ಹಬ್ಬಕ್ಕ ಒಬ್ಬ ಸತ್ತ ರಾಜನ್ನ ಇನ್ನೊಬ್ಬ ಸತ್ತ ರಾಜನ ಮನಿಗೆ ಭೆಟ್ಟಿಗೆ ಕರಕೊಂಡು ಹೋಗತಿದ್ರು."

"ಮಾತಾಡತಿದ್ನೇನು?"

"ಅವನ ಪರವಾಗಿ ಒಬ್ಬ ಗಂಡಸು, ಒಬ್ಬ ಹೆಣ್ಣಮಗಳು ಮಾತಾಡತಿದ್ರು."

"ಹೊಲಾ ಮನಿ?"

"ಅವನ ಹೆಸರಿನ್ಯಾಗ ಇರತಿದ್ವು. ಅವನ ಕುಲದವರು ನೋಡಿಕೋತಿದ್ರು. ಪಟ್ಟಾ ಏರಿದ ಮಗಗ ಅಧಿಕಾರ ಅಷ್ಟ. ಆಸ್ತಿ ಅವನ ಹೊಸದಾಗಿ ಗೆದ್ದು ಮಾಡಿಕೋಬೇಕು."

"ಅಯ್ಯ ಶಿವನ!" ಎಂದರು ಹೆಂಡತಿ. "ಸತ್ತ ಮಾವನ ಮುಂದೂ ದಿನಾ ಸೆರಗ ಹೊತ್ಕೊಂಡು ನಿಂದ್ರಬೇಕಾತಲ್ಲ! ಆ ಸೊಸಿ ಹಣೇಬರಾ ನೋಡವಾ."

ಕಾಕಾನ ಮುಖ ಸಡಿಲಲಿಲ್ಲ. ನೋಡಿದವರು ಯಾರಾದರೂ ಇದ್ದಾರೆಯೇ ಎಂದರು. ಇದ್ದಾರೆ, ಒಬ್ಬ ಲೇಖಕ ಅಂಥ ರಾಜನೊಬ್ಬನ ಬೆರಳನ್ನು ಮುಟ್ಟಿದ್ದ, ಕಟ್ಟಿಗೆಯಂತೆ ಗಟ್ಟಿಯಾಗಿತ್ತು ಎಂದು ಬರೆದಿದ್ದಾನೆ ಎಂದೆ. ಅಲ್ಲಿಯ ಜನ ದೇವರೆಂದು ಪೂಜಿಸುತ್ತಿದ್ದರೇ ಎಂದು ಕೇಳಿದರು. ಹೌದೆಂದು ಕೆಲವರು ಬರೆದಿದ್ದಾರೆ. ಇಲ್ಲ, ಬರೀ ಗೌರವ ಎಂದು ಕೆಲವರು. ಕಣ್ಣು? ಕಣ್ಣನ್ನು ಆಮೇಲೆ ಇಟ್ಟರು, ಬಂಗಾರದ್ದು. ಬೇಗಡೆಯ ಹಾಳೆ ತೋರಿಸಿದೆ.

ಅವರು ಮೊದಲ ಸಲ ಗಲಿಬಿಲಿಗೊಂಡದ್ದು ಆಗ. "ಕೈಯಾರೆ ಕಣ್ಣ ಇಟ್ಟರಂದ್ರ ದೇವರನ್ನ ಮಾಡಿದಂಗ ಆತಲ್ಲ? ಹೆಣಕ್ಕ ಯಾರ ಕಣ್ಣ ಇಡತಾರ?"

"ನನಗ ತಿಳೀವಲ್ದು ಕಾಕಾ."

"ಹಿರೇರು ಅನ್ರಿ," ಎಂದರು ಹೆಂಡತಿ. "ಹಿರೇರಿಗೂ ನಾವು ಎಡಿ ಇಡತೇವಿ, ಹೊಸಾ ಅರಿವಿ ಇಡತೇವಿ. ಅದ ಇದು."

ಅದು ನನಗೆ ದೊಡ್ಡ ಬಿಡುಗಡೆಯಂತೆ ಕಂಡಿತು. ಚೀಟಿಯ ಮೇಲೆ ಹೇಗೆ ಬರೆಯಬಹುದೆಂದು ಮನಸ್ಸಿನಲ್ಲಿ ವಾಕ್ಯವನ್ನೂ ಜೋಡಿಸಿದೆ. ಆದರೆ ಕಾಕಾ ತಲೆ ಅಲ್ಲಾಡಿಸಿದರು.

"ನಮ್ಮ ಹಿರೇರು ಬರತಾರ, ಉಣ್ಣತಾರ, ಹೋಗತಾರ. ಇಂವ ಹೋಗೇ ಇಲ್ಲಲ್ಲ. ಇವಗ ಹೋಗಬೇಕಂತ ಅನಸಿತ್ತೋ ಇಲ್ಲೋ? ಅದನ್ನ ಯಾರರೆ ಬರದಾರೇನ್ರಿ?"

"ಇಲ್ಲರಿ."

"ಹಂಗಾರ ಇಂವ ಯಾರಂತ ನಿಮಗೂ ಗೊತ್ತಿಲ್ಲ."

"ಗೊತ್ತಿಲ್ಲರಿ. ನೋಡಿದವರಿಗೂ ಗೊತ್ತಿರಲಿಲ್ಲ ಅಂತ ಕಾಣತದ."

"ಗೊತ್ತಿಲ್ಲದ್ದಕ್ಕ ನಾ ಕಣ್ಣ ಬರಿಯೂದಿಲ್ಲ," ಎಂದು ಅವರು ಎದ್ದರು. ಅದನ್ನು ಸಿಟ್ಟಿನಿಂದ ಹೇಳಲಿಲ್ಲ. ಬಣ್ಣ ಮುಗಿದಿದೆ ಎನ್ನುವಷ್ಟೇ ಸಹಜವಾಗಿ ಹೇಳಿದರು. "ಒಯ್ರಿ. ಕಣ್ಣಿಲ್ಲದ್ದು ಬರೇ ಮಣ್ಣು, ಮಣ್ಣಿಗೆ ನನ್ನ ತಕರಾರಿಲ್ಲ. ಆದ್ರ ನನ್ನ ಹೆಸರು ಎಲ್ಲೂ ಬರಬಾರದು. ಅಷ್ಟ ಮಾಡ್ರಿ ನೀವು."

ಮಾಡುತ್ತೇನೆ ಎಂದೆ. ಹೆಂಡತಿ ಬುಟ್ಟಿಗೆ ಹುಲ್ಲು ಹಾಸಿ ಅವನನ್ನು ಕೂರಿಸಲು ಕೈ ಹಾಕಿದರು. ನನಗೆ ಚಹಾ ಬೇಕೇ ಎಂದು ಯಾರೂ ಕೇಳಲಿಲ್ಲ. ಹಿಂದಿನ ಎಲ್ಲ ಸಲವೂ ಕೇಳಿದ್ದರು.

ಮುಖ್ಯಸ್ಥರು ರವಿವಾರವಾದರೂ ವಿಭಾಗದಲ್ಲೇ ಇದ್ದರು. ರಾಜನನ್ನು ಮೇಜಿನ ಮೇಲೆ ಇಟ್ಟಾಗ ಸುತ್ತ ಒಂದು ಸಲ ಬಂದು ನೋಡಿದರು. "ಭಾಳ ಛಂದ ಆಗ್ಯಾದ. ಕಣ್ಣು?"

ನಡೆದದ್ದನ್ನು ಹೇಳಿದೆ, ನಾನು ಹೇಳಿದ ಸುಳ್ಳನ್ನೂ ಬಿಡದೆ.

"ನಿಮ್ಮ ಕಡೆ ಬೇಗಡಿ ಅದಲ್ಲ. ನೀವ ಅಂಟಿಸ್ರಿ. ಎರಡು ನಿಮಿಷದ ಕೆಲಸ. ಬಂಗಾರದ ಕಣ್ಣಂತ ಚೀಟಿಯೊಳಗ ನೀವ ಬರದೀರಿ."

ಅದೂ ಸರಿಯೇ. ಕತ್ತರಿ ತೆಗೆದುಕೊಂಡು ಬಾದಾಮಿಯಾಕಾರದ ಎರಡು ತುಂಡು ಕತ್ತರಿಸಿದೆ. ಬಲಗಣ್ಣಿನದಕ್ಕೆ ಅಂಟು ಹಚ್ಚಿ ಚಿಮಟದಲ್ಲಿ ಹಿಡಿದು ಮುಖದ ಹತ್ತಿರ ಒಯ್ದೆ. ನಾನು ಇಂಥದನ್ನೆಲ್ಲ ನಂಬುವವಳಲ್ಲ. ಕೈ ಯಾಕೆ ಮುಂದೆ ಹೋಗಲಿಲ್ಲವೆಂದು ಆಗಲೂ ತಿಳಿಯಲಿಲ್ಲ, ಈಗಲೂ ತಿಳಿಯದು. ಪುಸ್ತಕದ ಪ್ರಕಾರ ಕಣ್ಣು ಇರಬೇಕು. ಮಾಡಿದವರ ಪ್ರಕಾರ ಇರಬಾರದು. ಯಾರ ಮಾತಿಗೆ ಎಷ್ಟು ತೂಕ ಕೊಡಬೇಕೆಂದು ನನ್ನ ಎಂ.ಎ. ತರಗತಿಗಳಲ್ಲಿ ಕಲಿಸಿದ್ದರು. ಆ ಪಾಠದಲ್ಲಿ ಇದಕ್ಕೆ ಜಾಗವಿರಲಿಲ್ಲ. ಅಂಟು ಒಣಗಿತು. ತುಂಡುಗಳನ್ನು ಲಕೋಟೆಗೆ ಹಾಕಿ ಇಟ್ಟೆ.

"ಕಣ್ಣು ಬ್ಯಾಡ ಸರ್. ಮತ್ತ ಕರಪತ್ರದಾಗಿನ ಹೆಸರು ತಗೀಬೇಕು."

"ಹೆಸರು ಹಾಕಿದ್ದು ಗೌರವಕ್ಕರಿ."

"ಹೌದು ಸರ್. ಅವರಿಗೆ ಅದರಿಂದ ತ್ರಾಸ ಆಗತದ."

"ಮೊದಲ ಖರೇ ಹೇಳಿದ್ರ ಆತ ಮಾಡಿಕೊಡತಿದ್ದನೇನು?"

"ಗೊತ್ತಿಲ್ಲ ಸರ್."

"ಇದು ದೇವರೋ ಶವಾನೋ ಅಂದ್ರೂ ಗೊತ್ತಿಲ್ಲ, ಕಣ್ಣು ಯಾಕ ಬ್ಯಾಡ ಅಂದ್ರೂ ಗೊತ್ತಿಲ್ಲ. ನಿಮಗ ಗೊತ್ತಿದ್ದದ್ದರೆ ಏನ್ರಿ?"

"ಅವರ ಹೆಸರು ಇರಬಾರದು ಅನ್ನೂದು ಸರ್."

ಅವರು ಕರಪತ್ರಗಳ ಕಟ್ಟನ್ನು ನನ್ನ ಕಡೆ ಸರಿಸಿದರು. ನಾಳೆ ಹತ್ತಕ್ಕೆ ಕರಪತ್ರ ಬಾಗಿಲಲ್ಲಿ ಇರಬೇಕು, ಮತ್ತೆ ಅಚ್ಚು ಮಾಡಿಸಲು ಆಗುವುದಿಲ್ಲ, ಏನು ಮಾಡುತ್ತೀರೋ ನೀವೇ ಮಾಡಿ ಎಂದರು. ನನ್ನ ಕೆಲಸದ ವಿಷಯ ಪ್ರದರ್ಶನ ಮುಗಿದ ಮೇಲೆ ನೋಡೋಣ ಎಂದೂ ಸೇರಿಸಿದರು. ಅದನ್ನು ನಾನು ಕೇಳಿರಲಿಲ್ಲ.

ಮೈದಾ ಕುದಿಸಿ ಅಂಟು ಮಾಡಿಕೊಂಡು ಕುಳಿತೆ. ಸಾಲಿನ ಅಗಲಕ್ಕೆ ಬಿಳಿ ಕಾಗದದ ಪಟ್ಟಿ ಕತ್ತರಿಸಿ, ಪ್ರತಿಯೊಂದರ ಮೇಲೆ "ಮಣ್ಣಿನ ಆಕೃತಿ" ಎಂದು ಮಸಿಯಲ್ಲಿ ಬರೆದು, ಮುದ್ರಿತ ಸಾಲಿನ ಮೇಲೆ ಅಂಟಿಸತೊಡಗಿದೆ. ಹತ್ತಿಪ್ಪತ್ತು ಮುಗಿದ ಮೇಲೆ ಒಂದನ್ನು ಬೆಳಕಿಗೆ ಹಿಡಿದೆ. ಪಟ್ಟಿಯ ಅಡಿಯಿಂದ ಹೆಸರು ಸ್ಪಷ್ಟವಾಗಿ ಓದಲು ಬರುತ್ತಿತ್ತು. ಮತ್ತೆ ಮೊದಲಿನಿಂದ. ಮೊದಲು ಮಸಿಯಿಂದ ಸಾಲನ್ನು ಹೊಡೆದು, ಒಣಗಿಸಿ, ಮೇಲೆ ದಪ್ಪ ಕಾಗದದ ಪಟ್ಟಿ. ಈಗ ಬೆಳಕಿಗೆ ಹಿಡಿದರೆ ಒಂದು ಕಪ್ಪು ಗೆರೆ ಮಾತ್ರ.

ನಡುನಡುವೆ ಎದ್ದು ಮೃತರಾಜನ ಚೀಟಿಯನ್ನೂ, ಅದು ಆರನೆಯದು, ಬದಲಿಸಿದೆ. "ಇವರನ್ನು ಕಂಡವರಲ್ಲಿ ಕೆಲವರು ದೇವರೆಂದು ಬರೆದಿದ್ದಾರೆ, ಕೆಲವರು ಶವವೆಂದು ಬರೆದಿದ್ದಾರೆ. ಇವರ ಮನೆಯವರು ಏನೆಂದು ಕರೆಯುತ್ತಿದ್ದರೆಂಬುದು ಈ ಪುಸ್ತಕಗಳಿಂದ ನನಗೆ ತಿಳಿಯಲಿಲ್ಲ." ಚೀಟಿಯಲ್ಲಿ ನನಗೆ ಎಂಬ ಶಬ್ದ ಬರಬಾರದು. ಹೊಡೆದು ಹಾಕಲು ಲೇಖನಿ ಎತ್ತಿದೆ. ಆಮೇಲೆ ಬಿಟ್ಟೆ.

ಸಂಜೆ ಐದರ ಹೊತ್ತಿಗೆ ಕೊನೆಯ ಪಟ್ಟಿ ಅಂಟಿತು. ವಿಭಾಗದಲ್ಲಿ ಕಸ ಗುಡಿಸುವ ಹೆಂಗಸು ಮೇಜುಗಳ ಧೂಳು ಝಾಡಿಸುತ್ತ ಬಂದು ರಾಜನ ಮುಂದೆ ನಿಂತರು. ಅವರ ತವರು ಹಳೇ ಹುಬ್ಬಳ್ಳಿ.

"ಅಕ್ಕಾರ, ಇದು ನಮ್ಮ ಓಣಿ ಗಣಪತಿ ಕಾಕಾನ ಕೈ ಅಲ್ಲೇನ್ರಿ?"

ಅಂಟಿನ ಬಟ್ಟಲನ್ನು ಕೆಳಗಿಟ್ಟೆ. ಹೇಗೆ ಗೊತ್ತಾಯಿತೆಂದು ಕೇಳಲೂ ಹೆದರಿಕೆಯಾಯಿತು. ಅವರೇ ಹೇಳಿದರು.

"ಬಟ್ಟು ನೋಡ್ರಿ. ಕಿರಿಬಟ್ಟು ಹಿಂಗ ತುಸು ಹೊರಗ ಬಾಗಿರತೈತಿ. ನಾ ಸಣ್ಣಾಕಿದ್ದಾಗಿಂದ ನೋಡೇನಿ, ನಮ್ಮ ಗಣಪ್ಪಂದೂ ಹಂಗ. ಮೋದಕಾ ಹಿಡದಿದ್ರ ಇನ್ನೂ ಖರೇ ಕಾಣತಿತ್ತು." ನಕ್ಕು ಮುಂದಿನ ಮೇಜಿಗೆ ಹೋದರು.

ನಾನು ಹತ್ತಿರ ಹೋಗಿ ನೋಡಿದೆ. ಹೌದು. ಮೊಣಕಾಲಿನ ಮುಂದೆ ಒಂದರ ಮೇಲೊಂದು ಕೂಡಿಸಿದ, ಕಿರುಬೆರಳು ಹೊರಗೆ ಬಾಗಿದ ಆ ತುಂಬಿದ ಕೈಗಳು ಪಡಸಾಲೆಯ ಎಲ್ಲ ಗಣಪತಿಗಳ ಕೈಗಳೇ. ಇಪ್ಪತ್ತು ದಿನ ಅಳತೆಪಟ್ಟಿ ಹಿಡಿದು ನೋಡಿದ ನನಗೆ ಅದು ಕಂಡಿರಲಿಲ್ಲ. ಹುಬ್ಬಳ್ಳಿಯ ಯಾವ ಹೆಣ್ಣುಮಗಳಿಗೂ ಒಂದು ನೋಟದಲ್ಲಿ ಕಾಣುತ್ತದೆ. ಹೆಸರನ್ನು ಎರಡು ಪದರಿನಲ್ಲಿ ಮುಚ್ಚಿದ್ದೆ. ಕೈಗಳು ಬಯಲಲ್ಲಿದ್ದವು. ಬೆರಳನ್ನು ತಿದ್ದೋಣವೆಂದರೆ ಒಣಗಿದ ಮಣ್ಣು ಮುರಿಯುತ್ತದೆ. ಮೂರ್ತಿಯನ್ನೇ ತೆಗೆದಿಡೋಣವೆಂದರೆ ಮೇಜಿನಲ್ಲಿ ನನ್ನ ಗೊಂದಲದ ಚೀಟಿಗಳ ಹೊರತು ಏನೂ ಉಳಿಯುವುದಿಲ್ಲ. ಮನೆಗೆ ಹೋಗಿ ಊಟಕ್ಕೆ ಕುಳಿತಾಗಲೂ ಅದನ್ನೇ ಯೋಚಿಸುತ್ತಿದ್ದೆ. ಮೂರು ಪುಸ್ತಕಗಳೂ ಒಪ್ಪುವ ಸಂಗತಿ ಯಾವುದಾದರೂ ಇದೆಯೇ ಎಂದು ಮನಸ್ಸಿನಲ್ಲೇ ಪುಟ ತಿರುವಿದೆ. ಒಂದಿತ್ತು.

ಮರುದಿನ ಬೆಳಿಗ್ಗೆ ಏಳಕ್ಕೆ ವಿಭಾಗದ ಬಾಗಿಲು ತೆಗೆಸಿದೆ. ಮನೆಯ ಹಳೆಯ ಕಂಬಳಿಯಿಂದ ಬಣ್ಣ ಹಾಕದ ಉಣ್ಣೆಯ ಒಂದು ಅಗಲ ತುಂಡು ಕತ್ತರಿಸಿ ತಂದಿದ್ದೆ. ಸತ್ತ ರಾಜರನ್ನು ಒಳ್ಳೆಯ ಉಣ್ಣೆಯ ಬಟ್ಟೆಯಲ್ಲಿ ಸುತ್ತುತ್ತಿದ್ದರು ಎಂಬುದರಲ್ಲಿ ಯಾರಿಗೂ ಭಿನ್ನಾಭಿಪ್ರಾಯವಿರಲಿಲ್ಲ. ಹೆಗಲಿನಿಂದ ಆರಂಭಿಸಿ, ಎರಡೂ ಕೈ ಒಳಗಾಗುವಂತೆ ಪಾದದವರೆಗೆ ಮೂರು ಸುತ್ತು ಹಾಕಿದೆ. ಯಾರೂ ಎತ್ತಿ ನೋಡಬಾರದೆಂದು ದಬ್ಬಣಕ್ಕೆ ಕರಿ ಉಣ್ಣೆಯ ದಾರ ಪೋಣಿಸಿ ಮುಂಭಾಗವನ್ನು ಹೊಲಿಯತೊಡಗಿದೆ. ದಬ್ಬಣದ ತುದಿ ಬಣ್ಣವನ್ನು ಗೀರಬಾರದೆಂದು ಎಡಗೈಯ ಎರಡು ಬೆರಳನ್ನು ಬಟ್ಟೆಯೊಳಗೆ ತೂರಿಸಿ, ಅವನ ಕೈಗಳ ಮೇಲೆ ಇಟ್ಟುಕೊಂಡೆ. ಎರಡು ಸಲ ಚುಚ್ಚಿತು. ಕೊನೆಯ ಹೊಲಿಗೆಗೆ ಬೆರಳು ಹೊರಗೆಳೆದು, ಗಂಟು ಹಾಕಿ, ದಾರವನ್ನು ಹಲ್ಲಿನಿಂದ ಕಡಿದೆ. ಮುಖವನ್ನು ಮುಚ್ಚಲಿಲ್ಲ.